ಕಾಲಪುರುಷನಿಗೆ ಮಾತು ಕೊಟ್ಟವರು: ಡಾ. ರಾಹಿ ಮಾಸೂಮ್ ರಜಾ

ನಮ್ಮ ಶಾಲೆಯ ಸುವರ್ಣ ಮಹೋತ್ಸವದ ಈ ಸ್ಮರಣ ಸಂಚಿಕೆಗೆ ಮಹನೀಯರೊಬ್ಬರ ಜೀವನಚರಿತ್ರೆಯನ್ನು ಬರೆದುಕೊಡಬೇಕೆಂದು ಸಂಪಾದಕ ಮಂಡಳಿಯ ಮಿತ್ರರು ಅಪ್ಪಣೆ ಮಾಡಿದರು. ಕನ್ನಡದ ಹಿರಿಯ ಕವಿಯೊಬ್ಬರನ್ನೋ ಏಕೀಕರಣದ ಧುರೀಣರೊಬ್ಬರನ್ನೋ ನಾನು ಆರಿಸಿಕೊಳ್ಳುವೆನೆಂದು ಅವರು ಭಾವಿಸಿದ್ದಿರಬೇಕು. ಅಂಥವರನ್ನು ಕುರಿತು ನನಗಿಂತ ಚೆನ್ನಾಗಿ ಬರೆಯಬಲ್ಲವರು ನಮ್ಮಲ್ಲಿ ಅನೇಕರಿದ್ದಾರೆ. ನಾನು ಆರಿಸಿಕೊಂಡಿರುವುದು ಗಾಜೀಪುರ ಜಿಲ್ಲೆಯ ಒಂದು ಹಳ್ಳಿಯಲ್ಲಿ ಹುಟ್ಟಿ, ಉರ್ದುವಿನಲ್ಲಿ ಕವಿಯಾಗಿ, ಹಿಂದಿಯಲ್ಲಿ ಕಾದಂಬರಿಕಾರರಾಗಿ, ಕೊನೆಗೆ ದೂರದರ್ಶನದ ಮಹಾಭಾರತಕ್ಕೆ ಚಿತ್ರಕಥೆ ಸಂಭಾಷಣೆಗಳನ್ನು ಬರೆದು ಇಡೀ ದೇಶದ ಮನೆಮನೆಯನ್ನು ಮುಟ್ಟಿದ ಡಾ. ರಾಹಿ ಮಾಸೂಮ್ ರಜಾ ಅವರನ್ನು. ಈ ಆಯ್ಕೆಗೆ ಕಾರಣವಿದೆ. ಅಕ್ಕಲಕೋಟೆಯಂಥ ಗಡಿನಾಡಿನಲ್ಲಿ ಬೆಳೆದ ನಮ್ಮನ್ನು, ನೀವು ಯಾರವರು, ಯಾವ ಕಡೆಯವರು ಎಂದು ಕೇಳದವರಿಲ್ಲ. ರಾಹಿಯವರನ್ನೂ ಜನ ಬಾಳಿನುದ್ದಕ್ಕೂ ಇದೇ ಪ್ರಶ್ನೆಯನ್ನು ಕೇಳಿದರು. ಅದಕ್ಕೆ ಅವರು ವಾದದಿಂದ ಉತ್ತರಿಸಿದ್ದಕ್ಕಿಂತ ಬರವಣಿಗೆಯಿಂದ ಉತ್ತರಿಸಿದ್ದೇ ಹೆಚ್ಚು.

ಉತ್ತರ ಪ್ರದೇಶದ ಪೂರ್ವಭಾಗದಲ್ಲಿ ಗಂಗಾನದಿಯ ದಡದ ಮೇಲೆ ಗಾಜೀಪುರವೆಂಬ ಪಟ್ಟಣವಿದೆ. 1805ರಲ್ಲಿ ಅಲ್ಲಿ ಮೃತನಾದ ಲಾರ್ಡ್ ಕಾರ್ನ್‌ವಾಲಿಸನ ಸಮಾಧಿಗೂ, ಕಂಪನಿ ಸರಕಾರದ ಕಾಲದಿಂದ ನಡೆದುಬಂದ ಅಫೀಮಿನ ಕಾರ್ಖಾನೆಗೂ ಆ ಊರು ಹೆಸರಾಗಿದೆ. ಆ ಜಿಲ್ಲೆಯ ಗಂಗೌಲಿ ಎಂಬ ಗ್ರಾಮದ ಶಿಯಾ ಸಯ್ಯದರ ಮನೆತನದಲ್ಲಿ 1927ರಲ್ಲಿ ಮಾಸೂಮ್ ರಜಾ ಜನಿಸಿದರು. ತಂದೆ ಗಾಜೀಪುರದಲ್ಲಿ ವಕೀಲರು. ಅಣ್ಣ ಮೂನಿಸ್ ರಜಾ ಮುಂದೆ ಭೂಗೋಳ ಶಾಸ್ತ್ರದ ವಿದ್ವಾಂಸರಾಗಿ, ದೆಹಲಿ ವಿಶ್ವವಿದ್ಯಾಲಯದ ಉಪಕುಲಪತಿಗಳಾಗಿ ಕೀರ್ತಿ ಗಳಿಸಿದರು. ತಮ್ಮ ಕಾವ್ಯನಾಮವಾಗಿ ಆರಿಸಿಕೊಂಡ ರಾಹಿ ಎಂಬ ಪದಕ್ಕೆ ದಾರಿಹೋಕ ಎಂದರ್ಥ. ಹುಟ್ಟೂರನ್ನು ಮನಸ್ಸಿನಿಂದ ಒಂದು ದಿನವೂ ಬಿಡದಿದ್ದವರು ತಮ್ಮನ್ನು ದಾರಿಹೋಕನೆಂದು ಕರೆದುಕೊಂಡದ್ದು ಸೋಜಿಗವೇ ಸರಿ.

ಬಾಲ್ಯದಲ್ಲಿ ಅವರನ್ನು ಕಾಯಿಲೆಗಳು ಬಹುವಾಗಿ ಬಾಧಿಸಿದವು. ಒಂದು ಕಾಲು ಊನವಾಯಿತು; ಜೀವಮಾನವಿಡೀ ಅವರು ಕುಂಟುತ್ತಲೇ ನಡೆದರು. ಓರಗೆಯ ಮಕ್ಕಳು ಬಯಲಿನಲ್ಲಿ ಆಡುತ್ತಿದ್ದಾಗ ಹಾಸಿಗೆ ಹಿಡಿದಿದ್ದ ಈ ಬಾಲಕನಿಗೆ ಮನೆಯಲ್ಲಿದ್ದ ಪುಸ್ತಕಗಳೇ ಸಂಗಾತಿಗಳಾದವು. ಅವು ಮುಗಿದ ಮೇಲೆ ಕಥೆ ಕೇಳುವುದೇ ಕಾಲಕ್ಷೇಪವಾಯಿತು. ತಿಲಿಸ್ಮೆ ಹೋಶ್‌ರುಬಾ ಎಂಬುದು ಉರ್ದುವಿನ ಮಹಾಕಥಾಸಾಗರ. ಮಾಯಾನಗರಿಗಳು, ಮಂತ್ರವಾದಿಗಳು, ಐಯಾರರೆಂಬ ವೇಷಧಾರಿ ಗೂಢಚಾರರು ತುಂಬಿದ ಈ ಕಥಾಚಕ್ರ ಹತ್ತೊಂಬತ್ತನೆಯ ಶತಮಾನದ ಕೊನೆಯಲ್ಲಿ ಲಕ್ನೋದ ನವಲಕಿಶೋರ್ ಮುದ್ರಣಾಲಯದಿಂದ ಸಾವಿರಾರು ಪುಟಗಳ ಸಂಪುಟಗಳಾಗಿ ಹೊರಬಂದಿತ್ತು. ಆ ಕಥೆಗಳನ್ನು ಹೇಳುವವರ ಜಾಣ್ಮೆ ಇರುವುದು ನಿಲ್ಲಿಸುವುದರಲ್ಲಿ. ನಾಯಕ ಬಲೆಗೆ ಬಿದ್ದ ಗಳಿಗೆಯಲ್ಲೇ ಇಂದಿನ ಕಥೆ ಮುಗಿಯಬೇಕು, ಕೇಳುಗ ನಾಳೆ ತಾನಾಗಿ ಬರಬೇಕು. ಧಾರಾವಾಹಿಯ ಗುಟ್ಟೂ ಇದೇ ಅಲ್ಲವೇ? ದೂರದರ್ಶನ ಎಂಬ ಹೆಸರೇ ಹುಟ್ಟದಿದ್ದ ಕಾಲದಲ್ಲಿ, ರೋಗಶಯ್ಯೆಯಲ್ಲಿ ಮಲಗಿದ್ದ ಹುಡುಗನೊಬ್ಬನಿಗೆ ಧಾರಾವಾಹಿಯ ಮೊದಲ ಪಾಠ ಹೀಗೆ ದೊರೆಯಿತು.

ತಾರುಣ್ಯದಲ್ಲಿ ಅವರು ಅಲಹಾಬಾದಿನ ಜನಪ್ರಿಯ ಪತ್ರಿಕೆಗಳಿಗೆ ಬೇರೆ ಹೆಸರಿನಲ್ಲಿ ಪ್ರಣಯ ಕಾದಂಬರಿಗಳನ್ನು ಬರೆದು ಕೈ ಪಳಗಿಸಿಕೊಂಡರು. 1857ರ ಸಂಗ್ರಾಮದ ಶತಮಾನೋತ್ಸವದ ಹೊತ್ತಿಗೆ ಆ ವಿಷಯವನ್ನು ಕುರಿತೇ ಒಂದು ದೀರ್ಘ ಕಾವ್ಯವನ್ನು ರಚಿಸಿ ಉರ್ದು ಕವಿಗಳ ಸಾಲಿನಲ್ಲಿ ನಿಂತರು. ಅನಂತರ ಅಲೀಗಢ ಮುಸ್ಲಿಂ ವಿಶ್ವವಿದ್ಯಾಲಯವನ್ನು ಸೇರಿ, ಬಾಲ್ಯದಲ್ಲಿ ಕೇಳಿದ್ದ ಆ ತಿಲಿಸ್ಮೆ ಹೋಶ್‌ರುಬಾವನ್ನೇ ಸಂಶೋಧನೆಗೆ ಆರಿಸಿಕೊಂಡರು. ಆ ಕಥೆಗಳಲ್ಲಿ ಕಾಣುವ ಭಾರತೀಯ ಸಂಸ್ಕೃತಿಯನ್ನು ವಿವೇಚಿಸಿ ಡಾಕ್ಟರೇಟ್ ಪದವಿ ಪಡೆದು ಅಲ್ಲಿಯೇ ಉರ್ದು ಅಧ್ಯಾಪಕರಾದರು. ಅರಬ್ಬೀ ಪಾರಸೀ ಹೆಸರುಗಳ ಪಾತ್ರಗಳು ನಡೆಯುವ ನೆಲ ಹಿಂದುಸ್ಥಾನದ್ದೇ, ಅವರ ಮದುವೆ ಮುಂಜಿ, ಊಟ ಉಡುಗೆಗಳು ಇಲ್ಲಿಯವೇ ಎಂಬುದು ಅವರ ಅಧ್ಯಯನದ ತಿರುಳು.

1965ರ ಯುದ್ಧದಲ್ಲಿ ಗಾಜೀಪುರ ಜಿಲ್ಲೆಯವರೇ ಆದ ಹವಾಲ್ದಾರ ಅಬ್ದುಲ್ ಹಮೀದ್ ಶತ್ರುವಿನ ಟ್ಯಾಂಕುಗಳನ್ನು ಎದುರಿಸಿ ವೀರಮರಣ ಹೊಂದಿ ಪರಮವೀರ ಚಕ್ರಕ್ಕೆ ಪಾತ್ರರಾದರು. ಅವರ ಜೀವನಚರಿತ್ರೆಯನ್ನು ರಾಹಿಯವರು ಒಬ್ಬ ಸಣ್ಣ ಮನುಷ್ಯನ ದೊಡ್ಡ ಕಥೆಯೆಂಬ ಅರ್ಥ ಬರುವ ಹೆಸರಿನಲ್ಲಿ ಬರೆದರು. 1966ರಲ್ಲಿ ಅವರ ಮೇರು ಕೃತಿಯಾದ ಆಧಾ ಗಾಂವ್, ಅಂದರೆ ಅರ್ಧ ಹಳ್ಳಿ, ಪ್ರಕಟವಾಯಿತು. ಅದುವರೆಗೆ ಉರ್ದು ಕವಿಯೆಂದೇ ಹೆಸರಾಗಿದ್ದವರ ಈ ಕಾದಂಬರಿ ನಾಗರೀ ಲಿಪಿಯಲ್ಲಿ ಹಿಂದಿಯ ಓದುಗರ ಕೈಗೆ ಬಂತು. ಅದು ಗಂಗೌಲಿಯ ಕಥೆ. ಆ ಊರಿನಲ್ಲಿ ಉತ್ತರದ ಪಟ್ಟಿ, ದಕ್ಷಿಣದ ಪಟ್ಟಿ ಎಂಬ ಎರಡು ಕೇರಿಗಳ ಸಯ್ಯದರ ನಡುವೆ ತಲೆಮಾರುಗಳ ಸ್ಪರ್ಧೆ. ಆ ಸ್ಪರ್ಧೆಯೆಲ್ಲ ಹೊರಬೀಳುವುದು ಮೊಹರಂ ಹತ್ತು ದಿನಗಳಲ್ಲಿ: ಯಾರ ತಾಜಿಯಾ ಭಾರಿ, ಯಾರ ಶೋಕಗೀತೆಗೆ ಹೆಚ್ಚು ಕಣ್ಣೀರು ಎಂಬ ಲೆಕ್ಕ. ಇಂಥ ಊರಿಗೆ ದೇಶ ವಿಭಜನೆಯ ಮಾತು ಹೊರಗಿನಿಂದ ಬರುತ್ತದೆ. ಅಲೀಗಢದಿಂದ ಬಂದ ಯುವಕರು ಹೊಸ ರಾಷ್ಟ್ರದ ಅಗತ್ಯವನ್ನು ಬಣ್ಣಿಸುತ್ತಾರೆ. ಹಳ್ಳಿಗರಿಗೆ ತಮ್ಮ ಹೊಲ, ತಮ್ಮ ಇಮಾಂಬಾಡಾ, ತಮ್ಮ ಹಿರಿಯರ ಗೋರಿಗಳನ್ನು ಬಿಟ್ಟು ಇನ್ನೊಂದು ದೇಶವೇಕೆ ಬೇಕೆಂಬುದು ಅರ್ಥವಾಗುವುದಿಲ್ಲ. ಆದರೂ ಮಕ್ಕಳು ಹೋಗುತ್ತಾರೆ, ಜಮೀನ್ದಾರಿ ಹೋಗುತ್ತದೆ, ಮನೆಗಳು ಬರಿದಾಗುತ್ತವೆ. ಉಳಿಯುವುದು ಅರ್ಧ ಹಳ್ಳಿ.

ಈ ಕಾದಂಬರಿಯಲ್ಲಿ ಎರಡು ಸಂಗತಿಗಳು ವಿಶೇಷವಾಗಿ ಗಮನಾರ್ಹ. ಮೊದಲನೆಯದು, ಕಥೆ ಬಹುದೂರ ಸಾಗಿದ ಮೇಲೆ ಲೇಖಕರು ನಡುವೆ ನಿಂತು ಮುನ್ನುಡಿಯನ್ನು ಬರೆಯುತ್ತಾರೆ. ತಾವು ಗಂಗೌಲಿಯವರೆಂದೂ, ಈ ಸಂಬಂಧವನ್ನು ಹರಿಯುವ ಅಧಿಕಾರ ಯಾವ ಪಕ್ಷಕ್ಕೂ ಇಲ್ಲವೆಂದೂ ಅಲ್ಲಿ ಖಂಡಿತವಾಗಿ ಸಾರುತ್ತಾರೆ. ಎರಡನೆಯದು, ಇದು ಕೆಲವು ವ್ಯಕ್ತಿಗಳ ಅಥವಾ ಮನೆತನಗಳ ಕಥೆಯಾಗಿರದೆ ಗಂಗೌಲಿಯ ಮೂಲಕ ಹಾದುಹೋಗುವ ಕಾಲದ ಕಥೆಯೆಂದು ಅವರು ಹೇಳಿಕೊಂಡಿರುವುದು. ವಾಚಕರು ಈ ಎರಡನೆಯ ಮಾತನ್ನು ನೆನಪಿನಲ್ಲಿಡಬೇಕೆಂದು ಕೋರುತ್ತೇನೆ. ಇಪ್ಪತ್ತೆರಡು ವರ್ಷಗಳ ಅನಂತರ ಅದು ಬೇರೊಂದು ವೇಷದಲ್ಲಿ ಮರಳಿ ಬಂತು.

ಆಧಾ ಗಾಂವ್ ಕಾದಂಬರಿಯ ಪಾತ್ರಗಳು ಮಾತನಾಡುವುದು ಭೋಜಪುರಿ ಬೆರೆತ ಉರ್ದುವನ್ನು. ಇದನ್ನು ಓದುವಾಗ ನಮ್ಮ ಸೀಮೆಯವರಿಗೆ ನಗು ಬಾರದಿರದು. ಮರಾಠಿಯ ಮಾತು, ಉರ್ದುವಿನ ಪದ, ತೆಲುಗಿನ ಲಯ ಎಲ್ಲವೂ ಸೇರಿದ ನಮ್ಮ ಮನೆಗನ್ನಡವನ್ನು ಪಠ್ಯಪುಸ್ತಕದ ಕನ್ನಡದವರು ಕೇಳಿ ಮುಗುಳ್ನಗುವುದನ್ನು ನಾವು ಬಲ್ಲೆವು. ನಮ್ಮ ಹಳ್ಳಿಗಳಲ್ಲಿಯೂ ಮೊಹರಂ ಹಬ್ಬದ ಅಲಾಯಿ ಕುಣಿತಕ್ಕೆ ಹಿಂದೂಗಳೂ ಹೆಜ್ಜೆ ಹಾಕುತ್ತಾರೆ. ಕರ್ಬಲಾದ ದುಃಖವನ್ನು ರಿವಾಯತ್ ಪದಗಳು ಕನ್ನಡದಲ್ಲೇ ಹಾಡುತ್ತವೆ. ರಾಹಿಯವರು ತಮ್ಮ ಜನರ ಮಾತನ್ನು ತೊಳೆದು ಬಳಿದು ಅಚ್ಚಿಗೆ ಕೊಡಲಿಲ್ಲ. ಬೈಗುಳಗಳನ್ನೂ ಇದ್ದಂತೆಯೇ ಇಟ್ಟರು. ಆ ಕಾರಣಕ್ಕೆ 1970ರ ದಶಕದಲ್ಲಿ ಜೋಧಪುರ ವಿಶ್ವವಿದ್ಯಾಲಯದಲ್ಲಿ ಅದು ಪಠ್ಯವಾದಾಗ ದೊಡ್ಡ ವಿವಾದವೇ ಎದ್ದಿತು. ಕೃತಿ ಮಾತ್ರ ಉಳಿಯಿತು; ಇಂದು ಹಿಂದಿಯ ಶ್ರೇಷ್ಠ ಕಾದಂಬರಿಗಳ ಪಟ್ಟಿಯಲ್ಲಿ ಅದಕ್ಕೆ ಸ್ಥಾನವಿದೆ.

1969ರಲ್ಲಿ ಬಂದ ಟೋಪಿ ಶುಕ್ಲಾ ಎಂಬ ಕಾದಂಬರಿಯೂ ಸ್ಮರಣೀಯ. ಟೋಪಿ ಎಂಬ ಬ್ರಾಹ್ಮಣ ಹುಡುಗನಿಗೆ ಇಫ್ಫನ್ ಎಂಬ ಮುಸ್ಲಿಂ ಹುಡುಗ ಜೀವದ ಗೆಳೆಯ. ಗೆಳೆಯನ ಮನೆಯಲ್ಲಿ ಕೇಳಿ ಕಲಿತ ಅಮ್ಮೀ ಎಂಬ ಒಂದು ಪದವನ್ನು ಟೋಪಿ ತನ್ನ ಮನೆಯ ಊಟದ ಹೊತ್ತಿನಲ್ಲಿ ಆಡಿಬಿಡುತ್ತಾನೆ. ತಾಯಿಯನ್ನು ಕರೆಯುವ ಆ ಒಂದು ಪದದಿಂದ ಮನೆಯಲ್ಲಿ ಕೋಲಾಹಲವೇ ಆಗಿ, ಹುಡುಗ ಏಟು ತಿನ್ನುತ್ತಾನೆ. ಈ ಭಾಗವನ್ನು ಕೇಂದ್ರೀಯ ಪಠ್ಯಕ್ರಮದ 10ನೆಯ ತರಗತಿಯ ಹಿಂದಿ ಪಠ್ಯದಲ್ಲಿ ಸೇರಿಸಲಾಗಿತ್ತಾದ್ದರಿಂದ ನಮ್ಮ ಮಕ್ಕಳಲ್ಲಿ ಕೆಲವರು ಓದಿರಲೂಬಹುದು.

ಅಲೀಗಢದ ವಾತಾವರಣ ಅವರಿಗೆ ಒಗ್ಗದಾಯಿತು. 1960ರ ದಶಕದ ಕೊನೆಯಲ್ಲಿ ಅಧ್ಯಾಪಕ ವೃತ್ತಿಯನ್ನು ತೊರೆದು ಮುಂಬಯಿಗೆ ಬಂದರು. ಅಂದಿನಿಂದ ಕೊನೆಯವರೆಗೆ ಅವರು ಬಾಳಿದ್ದು ಇದೇ ಮಹಾರಾಷ್ಟ್ರದಲ್ಲಿ. ಚಲನಚಿತ್ರಗಳಿಗೆ ಬರೆಯುವುದು ಹೊಟ್ಟೆಪಾಡಿನ ದಾರಿಯಾಯಿತು. ಮಿಲೀ, ಗೋಲ್‌ಮಾಲ್, ಕರ್ಜ್ ಮೊದಲಾದ ಚಿತ್ರಗಳಲ್ಲಿ ಅವರ ಲೇಖನಿಯಿದೆ. ಮೈ ತುಲ್ಸೀ ತೇರೇ ಆಂಗನ್ ಕೀ, ತವಾಯಫ್, ಲಮ್ಹೇ ಈ ಮೂರು ಚಿತ್ರಗಳ ಸಂಭಾಷಣೆಗಾಗಿ ಫಿಲ್ಮ್‌ಫೇರ್ ಪ್ರಶಸ್ತಿ ಅವರಿಗೆ ಸಂದಿತು. ಸಿನಿಮಾದ ಬರವಣಿಗೆಯನ್ನು ಕೀಳೆಂದು ಅವರು ಭಾವಿಸಲಿಲ್ಲ. ಅದರ ಮಾಯಾಲೋಕಕ್ಕೆ ಮರುಳಾಗಲೂ ಇಲ್ಲ. ಸೀನ್ 75 ಎಂಬ ಕಾದಂಬರಿಯಲ್ಲಿ ಆ ಲೋಕದ ಪೊಳ್ಳನ್ನೂ, ಕಟ್ರಾ ಬೀ ಆರ್ಜೂ ಎಂಬ ಕಾದಂಬರಿಯಲ್ಲಿ ತುರ್ತು ಪರಿಸ್ಥಿತಿಯ ಕಾಲದಲ್ಲಿ ಬಡವರ ಕನಸುಗಳು ನುಚ್ಚುನೂರಾದ ಬಗೆಯನ್ನೂ ಚಿತ್ರಿಸಿದರು. ಪರಸ್ಥಳದಲ್ಲಿದ್ದುಕೊಂಡು ತನ್ನೂರಿನ ಚಂದ್ರೋದಯವನ್ನು ನೆನೆದು ಹಂಬಲಿಸುವವನ ಗಜಲೊಂದನ್ನು ಜಗಜೀತ್ ಸಿಂಗ್ ಮತ್ತು ಚಿತ್ರಾ ಸಿಂಗ್ ಅವರ ಕಂಠದಲ್ಲಿ ಅನೇಕರು ಕೇಳಿದ್ದೀರಿ. ಅದನ್ನು ಬರೆದವರೂ ರಾಹಿಯವರೇ.

ಇನ್ನು ದೂರದರ್ಶನದ ವಿಷಯ. 1984ರಲ್ಲಿ ಮನೋಹರ ಶ್ಯಾಮ ಜೋಶಿಯವರು ಬರೆದ ಹಮ್ ಲೋಗ್ ಧಾರಾವಾಹಿಯಿಂದ ನಮ್ಮ ದೇಶದಲ್ಲಿ ಕಿರುತೆರೆಯ ಲೇಖಕರ ಯುಗ ಮೊದಲಾಯಿತೆನ್ನಬಹುದು. 1987ರಲ್ಲಿ ರಮಾನಂದ ಸಾಗರರ ರಾಮಾಯಣ ಬಂತು. ಅದರ ಬೆನ್ನಲ್ಲೇ ಬಿ. ಆರ್. ಚೋಪ್ರಾ ಅವರು ಮಹಾಭಾರತವನ್ನು ತೆರೆಗೆ ತರಲು ಸಂಕಲ್ಪಿಸಿ, ಚಿತ್ರಕಥೆ ಸಂಭಾಷಣೆಗಳಿಗೆ ರಾಹಿಯವರನ್ನು ಆಹ್ವಾನಿಸಿದರು. ಬಿಡುವಿಲ್ಲವೆಂದು ರಾಹಿಯವರು ಮೊದಲು ಒಪ್ಪಲಿಲ್ಲ. ಆದರೂ ಅವರ ಹೆಸರು ಪತ್ರಿಕೆಗಳಲ್ಲಿ ಪ್ರಕಟವಾಯಿತು. ಮಹಾಭಾರತವನ್ನು ಬರೆಯಲು ಮುಸಲ್ಮಾನನೇ ಬೇಕಾಯಿತೇ ಎಂದು ಆಕ್ಷೇಪಿಸುವ ಪತ್ರಗಳು ಚೋಪ್ರಾ ಅವರಿಗೆ ಬರತೊಡಗಿದವು. ಅವನ್ನೆಲ್ಲ ಚೋಪ್ರಾ ಅವರು ರಾಹಿಯವರಿಗೇ ಕಳುಹಿಸಿದರಂತೆ. ಅವನ್ನು ಓದಿದ ಮೇಲೆ ರಾಹಿಯವರು ತಮ್ಮ ನಿರ್ಧಾರವನ್ನು ಬದಲಿಸಿ, ಗಂಗೆಯ ಮಗನಾದ ತಾನಲ್ಲದೆ ಇದನ್ನು ಬೇರಾರು ಬರೆಯಬೇಕೆಂಬ ಭಾವದಿಂದ ಕೆಲಸವನ್ನು ಒಪ್ಪಿಕೊಂಡರೆಂಬುದು ಪ್ರಸಿದ್ಧವಾದ ವೃತ್ತಾಂತ. ಭೀಷ್ಮನೂ ಗಂಗೆಯ ಮಗನೆಂಬುದನ್ನು ಮಹಾಭಾರತ ಬಲ್ಲವರಿಗೆ ನೆನಪಿಸಬೇಕಿಲ್ಲ.

ಕನ್ನಡಿಗರಾದ ನಮಗೆ ಆ ಆಕ್ಷೇಪಣೆ ವಿಚಿತ್ರವಾಗಿ ತೋರಬೇಕು. ಸಾವಿರ ವರ್ಷಗಳಿಗೂ ಹಿಂದೆ ವ್ಯಾಸರ ಭಾರತವನ್ನು ಕನ್ನಡಕ್ಕೆ ತಂದ ಆದಿಕವಿ ಪಂಪ ಜೈನಮತಸ್ಥ. ಗದಾಯುದ್ಧವನ್ನು ಬರೆದ ರನ್ನನೂ ಜೈನನೇ. ದುರ್ಯೋಧನನ ಕೊನೆಯ ಗಳಿಗೆಗಳಲ್ಲಿ ರನ್ನನಷ್ಟು ಕರುಣೆಯಿಂದ ಜೊತೆಗೆ ನಡೆದವರು ಎಷ್ಟು ಮಂದಿ? ಶಿಶುನಾಳದ ಶರೀಫರು ಗೋವಿಂದಭಟ್ಟರ ಶಿಷ್ಯರಾಗಿ ಹಾಡಿದ ತತ್ತ್ವಪದಗಳು ಇಂದಿಗೂ ನಮ್ಮ ಭಜನೆಗಳಲ್ಲಿ ಮೊಳಗುತ್ತವೆ. ಕಥೆ ಯಾರದೆಂಬ ಪ್ರಶ್ನೆಗೆ ಕನ್ನಡ ಸಾಹಿತ್ಯ ಎಂದೋ ಉತ್ತರ ಕೊಟ್ಟಾಗಿದೆ: ಅದನ್ನು ಪ್ರೀತಿಯಿಂದ ಓದಿ, ಮೈಮರೆತು ಹೇಳಬಲ್ಲವರದು.

ಹೇಳುವ ಕೆಲಸವಾದರೂ ಸಾಮಾನ್ಯವೇ? ಲಕ್ಷ ಶ್ಲೋಕಗಳೆಂದು ಪ್ರಸಿದ್ಧವಾದ ಗ್ರಂಥ, ಉಪಕಥೆಗಳಿಗೆ ಲೆಕ್ಕವಿಲ್ಲ, ದೇಶದ ಪ್ರತಿಯೊಂದು ಮೂಲೆಯಲ್ಲೂ ಒಂದೊಂದು ಪಾಠ. ಎಲ್ಲರೂ ಬಲ್ಲ ಕಥೆಯನ್ನು ವಾರಕ್ಕೊಂದು ಕಂತಿನಂತೆ ಹೇಳುತ್ತ ಮುಂದಿನ ವಾರಕ್ಕೆ ಕುತೂಹಲವನ್ನು ಉಳಿಸಬೇಕು. ಪಂಡಿತ ನರೇಂದ್ರ ಶರ್ಮರಂಥ ವಿದ್ವಾಂಸರ ಮಾರ್ಗದರ್ಶನವಿತ್ತು. ಆದರೆ 1989ರ ಫೆಬ್ರವರಿಯಲ್ಲಿ, ಧಾರಾವಾಹಿ ನಡೆಯುತ್ತಿದ್ದಾಗಲೇ, ಅವರು ತೀರಿಕೊಂಡರು. ಕಥೆಯನ್ನು ನಿರೂಪಿಸುವವರು ಯಾರಾಗಬೇಕೆಂಬುದು ಮೊದಲ ತೊಡಕು. ರಾಹಿಯವರು ಋಷಿಯನ್ನಾಗಲಿ ಸೂತನನ್ನಾಗಲಿ ನಿಲ್ಲಿಸದೆ ಸ್ವಯಂ ಕಾಲವನ್ನೇ ಸೂತ್ರಧಾರನನ್ನಾಗಿ ಮಾಡಿದರು. ತೆರೆಯ ಮೇಲೆ ಬ್ರಹ್ಮಾಂಡ, ತಿರುಗುವ ಚಕ್ರ, ಹರೀಶ್ ಭಿಮಾನಿಯವರ ಗಂಭೀರ ಕಂಠ, ದೇಹವಿಲ್ಲ, ಮುಖವಿಲ್ಲ. ಕಾಲಕ್ಕೆ ಜಾತಿಯಿಲ್ಲ, ಪಕ್ಷವಿಲ್ಲ. ಅದು ಹದಿನೆಂಟು ವರ್ಷಗಳನ್ನು ಒಂದು ವಾಕ್ಯದಲ್ಲಿ ದಾಟಬಲ್ಲದು, ದ್ಯೂತಸಭೆಯಲ್ಲಿ ಬಾಯಿ ಮುಚ್ಚಿಕೊಂಡಿದ್ದ ಹಿರಿಯರನ್ನು ಪ್ರಶ್ನಿಸಬಲ್ಲದು, ಎದುರಿಗೆ ಕುಳಿತ ಇಂದಿನ ವೀಕ್ಷಕನತ್ತಲೂ ತಿರುಗಿ ಮಾತನಾಡಬಲ್ಲದು. ಗಂಗೌಲಿಯ ಮೂಲಕ ಹಾದುಹೋದ ಕಾಲವೇ ಈಗ ಹಸ್ತಿನಾವತಿಯ ಮೂಲಕ ಹಾದುಹೋಗುತ್ತಿತ್ತೆಂದು ನಾನು ತಿಳಿದಿದ್ದೇನೆ.

ಭಾಷೆ ಎರಡನೆಯ ತೊಡಕು. ರಾಜಸಭೆಯ ಘನತೆ ಇರಬೇಕು, ಅಕ್ಷರ ಬಾರದ ಅಜ್ಜಿಗೂ ತಿಳಿಯಬೇಕು. ಉರ್ದು ಪ್ರಾಧ್ಯಾಪಕರು ಸಂಸ್ಕೃತಮಯವಾದ, ಆದರೆ ಆಡಲು ಬರುವಂಥ ಹಿಂದಿಯೊಂದನ್ನು ರೂಪಿಸಿದರು. ಪಿತಾಶ್ರೀ, ಮಾತಾಶ್ರೀ, ಭ್ರಾತಾಶ್ರೀ ಎಂಬ ಸಂಬೋಧನೆಗಳು ಅಂದಿನ ಮಕ್ಕಳ ಬಾಯಲ್ಲೆಲ್ಲ ಆಡಿದವು. ಅಬ್ಬಾಜಾನ್, ಅಮ್ಮೀಜಾನ್ ಎಂಬ ಉರ್ದು ಸಂಬೋಧನೆಗಳ ಅಚ್ಚಿನಲ್ಲಿಯೇ ರಾಹಿಯವರು ಇವನ್ನು ಎರಕ ಹೊಯ್ದರೆಂದು ಹೇಳುತ್ತಾರೆ. ಅಮ್ಮೀ ಎಂಬ ಪದಕ್ಕಾಗಿ ಟೋಪಿಗೆ ಏಟು ಬಿದ್ದಿತ್ತು. ಅದೇ ಪದದ ಅಚ್ಚಿನಲ್ಲಿ ಮೂಡಿದ ಮಾತಾಶ್ರೀಯನ್ನು ದೇಶವೆಲ್ಲ ಭಕ್ತಿಯಿಂದ ಕೇಳಿತು!

1988ರ ಅಕ್ಟೋಬರ್ 2ರಂದು ಮೊದಲಾಗಿ 1990ರ ಜೂನ್ 24ರವರೆಗೆ 94 ಕಂತುಗಳಲ್ಲಿ ಈ ಧಾರಾವಾಹಿ ಪ್ರಸಾರವಾಯಿತು. ಆಗ ನಮ್ಮ ಬೀದಿಗೆಲ್ಲ ಒಂದೇ ಪೆಟ್ಟಿಗೆ. ಭಾನುವಾರ ಬೆಳಿಗ್ಗೆ ಆ ಮನೆಯ ಪಡಸಾಲೆಯಲ್ಲಿ ಕನ್ನಡ, ಮರಾಠಿ, ತೆಲುಗು, ಉರ್ದು ಆಡುವ ಮನೆಗಳ ಜನರೆಲ್ಲ ಒತ್ತಿಕೊಂಡು ಕೂರುತ್ತಿದ್ದೆವು. ಹಿಂದಿ ಬಾರದ ಮುದುಕಿಯರಿಗೆ ಶಾಲೆಯ ಹುಡುಗರಾದ ನಾವು ಕನ್ನಡದಲ್ಲಿ ಪಿಸುಗುಟ್ಟಿ ಹೇಳಬೇಕಾಗಿತ್ತು. ಕುಮಾರವ್ಯಾಸನನ್ನು ಕೇಳಿ ಬೆಳೆದಿದ್ದ ಅವರು ನಾವು ಹೇಳುವ ಮೊದಲೇ ಕಥೆಯನ್ನು ಮುಂದಕ್ಕೆ ಹೇಳಿಬಿಡುತ್ತಿದ್ದರು. ನೆರೆಮನೆಯ ಮುಸ್ಲಿಂ ತಾಯಿಯೊಬ್ಬರು ಅಭಿಮನ್ಯುವಿನ ಮರಣದ ದಿನ ಸೆರಗಿನಿಂದ ಕಣ್ಣೊರಸಿಕೊಂಡದ್ದು ನನಗೆ ಇಂದಿಗೂ ಮರೆತಿಲ್ಲ. ಕರ್ಬಲಾದಲ್ಲಿ ಮಡಿದ ಎಳೆಯರಿಗಾಗಿ ಅಳಲು ಕಲಿತಿದ್ದ ಮನಸ್ಸು ಅದು. ಶೋಕಗೀತೆಗಳ ನಡುವೆ ಬೆಳೆದ ರಾಹಿಯವರಿಗೆ ಆ ಅಳುವಿನ ಭಾಷೆ ಚೆನ್ನಾಗಿ ಗೊತ್ತಿತ್ತು. ಆದರೆ ಆರಂಭದಲ್ಲಿ ಸರಿದುಹೋಗುತ್ತಿದ್ದ ಹೆಸರುಗಳ ಸಾಲಿನಲ್ಲಿ ಅವರ ಹೆಸರನ್ನು ಆ ಪಡಸಾಲೆಯಲ್ಲಿ ಯಾರೂ ಓದಿದಂತೆ ಕಾಣಲಿಲ್ಲ. ಚಿತ್ರಕಥೆಗಾರನ ಪಾಡೇ ಅಂಥದು. ಕೃಷ್ಣನ ವೇಷ ಧರಿಸಿದವರಿಗೆ ಜನ ಕೈಮುಗಿದರು. ಆ ಕೃಷ್ಣನಿಗೆ ಮಾತು ಕೊಟ್ಟವರು ಬೀದಿಯಲ್ಲಿ ನಡೆದರೂ ಯಾರೂ ಗುರುತಿಸುತ್ತಿರಲಿಲ್ಲ.

ಮಹಾಭಾರತದ ಹೃದಯದಲ್ಲಿರುವುದು ನೆಲದ ಪಾಲು. ಐದೇ ಐದು ಗ್ರಾಮಗಳನ್ನು ಕೊಟ್ಟರೆ ಯುದ್ಧ ಬೇಡವೆನ್ನುತ್ತಾನೆ ಶ್ರೀಕೃಷ್ಣ. ಸೂಜಿಯ ಮೊನೆಯಷ್ಟು ನೆಲವನ್ನೂ ಕೊಡೆನೆನ್ನುತ್ತಾನೆ ದುರ್ಯೋಧನ. ಇದನ್ನು ತೆರೆಗೆ ತಂದ ಚೋಪ್ರಾ ಅವರು 1947ರಲ್ಲಿ ಲಾಹೋರನ್ನು ತೊರೆದು ಬಂದವರು. ಬರೆದ ರಾಹಿಯವರು ತಮ್ಮ ಹಳ್ಳಿ ಅರ್ಧವಾದುದನ್ನು ಕಂಡವರು. ದಾಯಾದಿಗಳು ನೆಲವನ್ನು ಹಂಚಿಕೊಳ್ಳುವಾಗ ಎಷ್ಟು ರಕ್ತ ಹರಿಯುತ್ತದೆಂಬುದನ್ನು ಇಬ್ಬರೂ ಪುಸ್ತಕದಿಂದ ಕಲಿಯಬೇಕಾಗಿರಲಿಲ್ಲ.

ಮಹಾಭಾರತದ ಅನಂತರ 1991ರಲ್ಲಿ ಅವರ ನೀಮ್ ಕಾ ಪೇಡ್, ಅಂದರೆ ಬೇವಿನ ಮರ, ದೂರದರ್ಶನದಲ್ಲಿ ಬಂತು. ಪಂಕಜ್ ಕಪೂರ್ ಅವರು ಬುಧಯಿ ಎಂಬ ಜೀತದಾಳಿನ ಪಾತ್ರವಹಿಸಿದ್ದರು. ಮಗ ಹುಟ್ಟಿದ ದಿನ ಬುಧಯಿ ಒಂದು ಬೇವಿನ ಸಸಿಯನ್ನು ನೆಡುತ್ತಾನೆ. ಮಗ ಮಾತ್ರ ಜೀತಗಾರನಾಗಬಾರದೆಂಬುದೊಂದೇ ಅವನ ಆಸೆ. ಮಗ ಓದುತ್ತಾನೆ, ರಾಜಕಾರಣದಲ್ಲಿ ಮೇಲೇರುತ್ತಾನೆ. ಅಧಿಕಾರ ಅವನನ್ನೂ ಕೆಡಿಸುತ್ತದೆ. ಮರ ಎಲ್ಲಕ್ಕೂ ಸಾಕ್ಷಿಯಾಗಿ ನಿಂತಿರುತ್ತದೆ. ಅಲ್ಲಿ ಕಾಲ, ಇಲ್ಲಿ ಮರ. ಅರಮನೆಯ ಕಥೆಗೂ ಗುಡಿಸಿಲಿನ ಕಥೆಗೂ ಪಕ್ಷಪಾತವಿಲ್ಲದ ಸಾಕ್ಷಿಯೊಬ್ಬ ಬೇಕೆಂಬುದು ಅವರ ನಂಬಿಕೆಯಾಗಿತ್ತು.

1992ರ ಮಾರ್ಚ್ 15ರಂದು ಮುಂಬಯಿಯಲ್ಲಿ ರಾಹಿ ಮಾಸೂಮ್ ರಜಾ ಅವರು ಕಾಲವಶರಾದರು. ಹೆತ್ತ ತಾಯಿ, ಅಲೀಗಢದ ವಿದ್ಯಾಲಯ, ಗಂಗೆ ಈ ಮೂವರೂ ತಮಗೆ ತಾಯಂದಿರೆಂದು ಅವರು ಹೇಳಿಕೊಂಡಿದ್ದರು. ಸತ್ತ ಮೇಲೆ ತಮ್ಮನ್ನು ಗಾಜೀಪುರದ ಗಂಗೆಯ ಮಡಿಲಿಗೆ ಒಪ್ಪಿಸಬೇಕೆಂಬ ಆಸೆಯನ್ನು ಉಯಿಲಿನ ರೂಪದ ಕವಿತೆಯೊಂದರಲ್ಲಿ ವ್ಯಕ್ತಪಡಿಸಿದ್ದರು. ಅವರ ಕಾಲಪುರುಷ ಮಾತ್ರ ಸುಮ್ಮನಾಗಲಿಲ್ಲ. 2020ರ ಮಾರ್ಚ್ ತಿಂಗಳಲ್ಲಿ ಮಹಾಮಾರಿಯ ಭಯದಿಂದ ದೇಶವೆಲ್ಲ ಬಾಗಿಲು ಮುಚ್ಚಿ ಕುಳಿತಾಗ ದೂರದರ್ಶನ ಮತ್ತೆ ಮಹಾಭಾರತವನ್ನು ಪ್ರಸಾರ ಮಾಡಿತು. ಹುಟ್ಟುವ ಮೊದಲೇ ತಯಾರಾಗಿದ್ದ ಧಾರಾವಾಹಿಯನ್ನು ನಮ್ಮ ಮೊಮ್ಮಕ್ಕಳು ಕಣ್ಣರಳಿಸಿ ನೋಡಿದರು.

ಈ ಜೀವನದಿಂದ ಗಡಿನಾಡಿನ ನಾವು ಗ್ರಹಿಸಬೇಕಾದುದೇನು? ಊರನ್ನು ಪ್ರೀತಿಸಲು ಭೂಪಟದ ಅಪ್ಪಣೆ ಬೇಕಾಗಿಲ್ಲ. ತಾಯ್ನುಡಿಯನ್ನು ಉಳಿಸಿಕೊಳ್ಳಲು ನೆರೆಯ ನುಡಿಯನ್ನು ದ್ವೇಷಿಸಬೇಕಾಗಿಲ್ಲ. ರಾಹಿಯವರು ಉರ್ದುವನ್ನು ಬಿಡದೆ ಹಿಂದಿಯನ್ನು ತಮ್ಮದಾಗಿಸಿಕೊಂಡರು. ತಮ್ಮ ಮೊಹರಮನ್ನು ಮರೆಯದೆ ವ್ಯಾಸರ ಕಥೆಯನ್ನು ಹೇಳಿದರು. ಐವತ್ತು ವರ್ಷಗಳಿಂದ ನಮ್ಮ ಶಾಲೆ ಮರಾಠಿಯ ನೆರೆಯಲ್ಲಿ ಕನ್ನಡದ ಅಕ್ಷರಗಳನ್ನು ಕಲಿಸುತ್ತ ಬಂದಿರುವುದೂ ಇದೇ ಧೈರ್ಯದಿಂದ. ಇಲ್ಲಿ ಕಲಿಯುವ ಮಕ್ಕಳಲ್ಲಿ ಯಾರಾದರೊಬ್ಬರು ಮುಂದೆ ಕಥೆ ಬರೆಯುವವರಾದರೆ, ಅವರು ನಮ್ಮ ಈ ಬೆರಕೆ ಮಾತಿಗೆ ನಾಚದೆ, ನಮ್ಮ ಊರಿನ ಮೂಲಕ ಹಾದುಹೋಗುತ್ತಿರುವ ಕಾಲಕ್ಕೂ ಮಾತು ಕೊಡಲಿ. ಸುವರ್ಣ ಮಹೋತ್ಸವದ ಈ ಶುಭಸಂದರ್ಭದಲ್ಲಿ ನನ್ನ ಹಾರೈಕೆ ಇದು.